ಬರೆದವಳು ಮತ್ತು ಬರೆಯಲ್ಪಟ್ಟವಳು: ಪುಯೆಬ್ಲಾದ ಎರಡು ಪುಸ್ತಕಗಳನ್ನು ಕಲಬುರಗಿಯಲ್ಲಿ ಓದುವಾಗ

ಇಂದು ಮೆಕ್ಸಿಕೋ ಎಂದು ಕರೆಯಲ್ಪಡುವ, ಅಂದು ಹೊಸ ಸ್ಪೇನ್ ಎನಿಸಿಕೊಂಡಿದ್ದ ದೇಶದ ಪುಯೆಬ್ಲಾ ಪಟ್ಟಣದಲ್ಲಿ ದಿಯೆಗೊ ಫೆರ್ನಾಂದೆಸ್ ದೆ ಲೆಯೋನ್ ಎಂಬವನ ಅಚ್ಚುಕೂಟವಿತ್ತು. 1689ರಲ್ಲಿ ಅಲ್ಲಿಂದ ಒಂದು ದಪ್ಪ ಗ್ರಂಥ ಹೊರಬಂದಿತು. ಮರುವರ್ಷ ಅದೇ ಅಚ್ಚುಕೂಟದಿಂದ ಒಂದು ಸಣ್ಣ ಪುಸ್ತಿಕೆ ಬಂದಿತು. ಮೊದಲನೆಯದು ಓದುಬರಹ ತಿಳಿಯದ ಒಬ್ಬ ಸ್ತ್ರೀಯ ಚರಿತ್ರೆ. ಬರೆದವನು ಅವಳ ಪಾಪನಿವೇದನೆಯನ್ನು ಕೇಳುತ್ತಿದ್ದ ಯೇಸುಸಭೆಯ ಯಾಜಕ. ಎರಡನೆಯದು ಒಬ್ಬ ಸನ್ಯಾಸಿನಿ ಬರೆದ ದೈವಶಾಸ್ತ್ರೀಯ ವಿಮರ್ಶೆ; ಅದನ್ನು ಅಚ್ಚು ಮಾಡಿಸಿದವನು ಅವಳ ಅನುಮತಿಯನ್ನು ಕೇಳದ ಆ ಪಟ್ಟಣದ ಬಿಷಪ್. ಮೊದಲನೆಯ ಸ್ತ್ರೀ ಕತರೀನಾ ದೆ ಸಾನ್ ಹುವಾನ್. ಅವಳು ಹುಟ್ಟಿದ್ದು ನಮ್ಮ ದೇಶದಲ್ಲಿ. ಎರಡನೆಯವಳು ಸೋದರಿ ಹುವಾನಾ ಇನೆಸ್ ದೆ ಲಾ ಕ್ರುಸ್. ಸ್ಪೇನಿನ ಭಾಷೆಯ ಸಾಹಿತ್ಯ ಬಲ್ಲವರೆಲ್ಲರಿಗೂ ಪರಿಚಿತಳು.

ಈ ಇಬ್ಬರನ್ನು ಜೊತೆಯಾಗಿಟ್ಟು ಓದಬೇಕೆಂಬುದು ನಮ್ಮ ಉದ್ದೇಶ. ಸ್ಪೇನಿನ ವಸಾಹತುಗಳಲ್ಲಿ ಸ್ತ್ರೀಯರು ಹೇಗೆ ಬಾಳಿದರೆಂಬ ಪ್ರಶ್ನೆ ಕಲ್ಯಾಣ ಕರ್ನಾಟಕದ ಸಭೆಗಳಿಗೆ ದೂರದ್ದೆಂದು ತೋರಬಹುದು. ಆದರೆ ನಮ್ಮ ಸಭೆಗಳು ತಮ್ಮ ಇತಿಹಾಸವನ್ನು ಬರೆದುಕೊಳ್ಳುತ್ತಿರುವ ಕಾಲವಿದು. ಸ್ಮರಣ ಸಂಚಿಕೆಗಳು ಬರುತ್ತಿವೆ, ಹಿರಿಯ ತಾಯಂದಿರ ಸಾಕ್ಷಿಗಳು ಸಂಗ್ರಹವಾಗುತ್ತಿವೆ. ಆ ಸಾಕ್ಷಿಗಳನ್ನು ಬರೆಯುವ ಕೈ ಯಾರದು, ಆ ಕೈ ಸಾಕ್ಷಿಗೆ ಏನು ಮಾಡುತ್ತದೆ ಎಂಬುದನ್ನು ವಿಚಾರಿಸಲು ಪುಯೆಬ್ಲಾದ ಈ ಎರಡು ಪುಸ್ತಕಗಳಿಗಿಂತ ತಕ್ಕ ಪಾಠ ನಮಗೆ ಕಂಡಿಲ್ಲ. ಕಲಬುರಗಿ ನಗರದ ಒಂದು ಸ್ತ್ರೀಯರ ಕೂಟದಲ್ಲಿಯೂ ಅಲ್ಲಿಂದ ಹುಮನಾಬಾದ್ ದಾರಿಯಲ್ಲಿರುವ ಕಮಲಾಪುರದ ಇನ್ನೊಂದು ಕೂಟದಲ್ಲಿಯೂ ಇವುಗಳ ಸಾರವನ್ನು ಕನ್ನಡದಲ್ಲಿ ಹೇಳಿ ಚರ್ಚಿಸಿದೆವು. ಅಲ್ಲಿ ಎದ್ದ ಒಂದೆರಡು ಪ್ರಶ್ನೆಗಳು ಈ ಲೇಖನದ ದಾರಿಯನ್ನು ನಿರ್ಧರಿಸಿವೆ.

ಕತರೀನಾಳ ಬದುಕಿನ ಹೊರರೇಖೆ ಇಷ್ಟು. ಬಾಲ್ಯದಲ್ಲಿಯೇ ಪೋರ್ಚುಗೀಸ್ ಕಡಲ್ಗಳ್ಳರು ಅವಳನ್ನು ಹಿಡಿದೊಯ್ದರು. ಕೊಚ್ಚಿಯಲ್ಲಿ ಯೇಸುಸಭೆಯವರಿಂದ ದೀಕ್ಷಾಸ್ನಾನವಾಯಿತು. ಮಿರ್ರಾ ಎಂಬ ಹೆಸರು ಹೋಗಿ ಕತರೀನಾ ಎಂಬ ಹೆಸರು ಬಂದಿತು. ಮನಿಲಾದ ಗುಲಾಮರ ಪೇಟೆಯ ಮೂಲಕ ಶಾಂತಸಾಗರವನ್ನು ದಾಟಿ 1620ರ ಆಸುಪಾಸಿನಲ್ಲಿ ಪುಯೆಬ್ಲಾ ಸೇರಿದಳು. ಅವಳನ್ನು ಕೊಂಡವನು ಮಿಗೆಲ್ ದೆ ಸೋಸಾ ಎಂಬ ಕಪ್ತಾನ. ಅವನು ಸತ್ತ ಮೇಲೆ ಬಿಡುಗಡೆಯಾಯಿತು. ಒಬ್ಬ ಯಾಜಕನ ಮನೆಯಲ್ಲಿ ಚಾಕರಿ ಸಿಕ್ಕಿತು. ಆ ಯಾಜಕನ ಗುಲಾಮನಾಗಿದ್ದ ದೊಮಿಂಗೊ ಸುವಾರೆಸ್ ಎಂಬವನೊಡನೆ ಮದುವೆ ಮಾಡಿಸಲಾಯಿತು. ಅವಳು ಬ್ರಹ್ಮಚರ್ಯದ ಹರಕೆಯನ್ನು ಹೊತ್ತಿದ್ದಳು, ಮದುವೆಯ ನಂತರವೂ ಗಂಡನ ಇಚ್ಛೆಗೆ ವಿರುದ್ಧವಾಗಿ ಅದನ್ನು ಬಿಡಲಿಲ್ಲ. ಉಳಿದ ಆಯುಷ್ಯವನ್ನು ಪ್ರಾರ್ಥನೆ, ಉಪವಾಸ, ದರ್ಶನಗಳಲ್ಲಿ ಕಳೆದು 1688ರ ಜನವರಿ 5ರಂದು ತೀರಿಕೊಂಡಳು. ಜನ ಅವಳನ್ನು ಸಂತಳೆಂದೇ ನಂಬಿದ್ದರು.

ಅವಳು ಸೆರೆಸಿಕ್ಕ ಕಾಲವನ್ನು ನಮ್ಮ ಭೂಪಟದ ಮೇಲಿಟ್ಟು ನೋಡಬೇಕು. 1580ರಿಂದ 1640ರವರೆಗೆ ಪೋರ್ಚುಗಲ್ ಸ್ಪೇನಿನ ದೊರೆಯ ಆಳ್ವಿಕೆಯಲ್ಲಿತ್ತು. ಗೋವೆ ಮತ್ತು ಕೊಚ್ಚಿಗಳು ಮಾತ್ರವಲ್ಲ, ನಮ್ಮ ಕರಾವಳಿಯ ಮಂಗಳೂರು, ಬಸರೂರು, ಹೊನ್ನಾವರಗಳಲ್ಲಿದ್ದ ಪೋರ್ಚುಗೀಸ್ ಕೋಟೆಗಳೂ ಕಾಗದದ ಮೇಲೆ ಅದೇ ದೊರೆಗೆ ಸೇರಿದವು. ಕಲಬುರಗಿ ಆಗ ವಿಜಾಪುರದ ಆದಿಲ್‌ಶಾಹಿಗಳ ನಾಡು. 1606ರಲ್ಲಿ ಗೋವೆಯಲ್ಲಿ ಸಾಂತಾ ಮೋನಿಕಾ ಎಂಬ ಸನ್ಯಾಸಿನಿಯರ ಮಠ ಸ್ಥಾಪನೆಯಾದದ್ದೂ ಈ ಅವಧಿಯಲ್ಲಿಯೇ. ಹೀಗಾಗಿ ಸ್ಪೇನಿನ ಸಾಮ್ರಾಜ್ಯದ ಸ್ತ್ರೀಯರ ಚರಿತ್ರೆಯ ಒಂದು ಎಳೆ ಅರಬ್ಬೀ ಸಮುದ್ರದ ಈ ದಡದಿಂದಲೇ ಹೊರಡುತ್ತದೆ. ಮನಿಲಾದಿಂದ ಬಂದ ಏಷ್ಯಾದವರನ್ನೆಲ್ಲ ಹೊಸ ಸ್ಪೇನಿನಲ್ಲಿ ‘ಚೀನೋ’ ಎಂದೇ ಕರೆಯುತ್ತಿದ್ದರು. ಕತರೀನಾಳೂ ಅಲ್ಲಿ ಚೀನಿಯಳಾದಳು.

ಅವಳು ಸೇರಿದ ಸಮಾಜದಲ್ಲಿ ಸ್ತ್ರೀಯ ಸ್ಥಾನವನ್ನು ಒಂದೇ ಮಾತಿನಲ್ಲಿ ಹೇಳಲಾಗದು. ಸ್ಪೇನಿನ ಕಾನೂನಿನ ಪ್ರಕಾರ ಹೆಣ್ಣುಮಕ್ಕಳಿಗೆ ಗಂಡುಮಕ್ಕಳೊಡನೆ ತಂದೆತಾಯಿಯ ಆಸ್ತಿಯಲ್ಲಿ ಹಕ್ಕಿತ್ತು. ತವರಿನಿಂದ ತಂದ ವರದಕ್ಷಿಣೆ ಕೊನೆಯವರೆಗೂ ಹೆಂಡತಿಯದೇ. ಆದರೆ ಅದನ್ನು ನೋಡಿಕೊಳ್ಳುವವನು ಗಂಡ. 1505ರ ತೋರೋ ಶಾಸನಗಳ ಪ್ರಕಾರ ಗಂಡನ ಒಪ್ಪಿಗೆಯಿಲ್ಲದೆ ಹೆಂಡತಿ ಕರಾರು ಮಾಡುವಂತಿರಲಿಲ್ಲ. ವಿಧವೆಗೆ ಮಾತ್ರ ಆ ಕಟ್ಟು ಇರಲಿಲ್ಲ. ಮದುವೆಗೆ ಇಬ್ಬರ ಸ್ವಂತ ಒಪ್ಪಿಗೆ ಬೇಕೆಂದು ಟ್ರೆಂಟ್ ಮಹಾಸಭೆ ಬೋಧಿಸಿತ್ತು. 1778ರಲ್ಲಿ ಅರಸನ ಆಜ್ಞೆ ತಂದೆತಾಯಿಗಳಿಗೆ ಅದನ್ನು ತಡೆಯುವ ಅಧಿಕಾರವನ್ನು ಅಮೆರಿಕದಲ್ಲಿಯೂ ಕೊಟ್ಟಿತು. ಕಲಬುರಗಿಯ ಓದುಗರಿಗೆ ಈ ಬಗೆಯ ಲೆಕ್ಕಾಚಾರ ಅಪರಿಚಿತವಲ್ಲ. ನಮ್ಮ ಜಿಲ್ಲೆಯ ಮರತೂರಿನವನೆಂದು ಪ್ರಸಿದ್ಧನಾದ ವಿಜ್ಞಾನೇಶ್ವರ ಮಿತಾಕ್ಷರದಲ್ಲಿ ಸ್ತ್ರೀಧನದ ಅರ್ಥವನ್ನು ಅದುವರೆಗಿನ ಶಾಸ್ತ್ರಕಾರರಿಗಿಂತ ಬಹಳ ಹಿಗ್ಗಿಸಿದನು. ಆದರೆ ಹುಟ್ಟಿನಿಂದಲೇ ಬರುವ ಪಿತ್ರಾರ್ಜಿತದ ಹಕ್ಕು ಗಂಡುಮಕ್ಕಳದಾಗಿಯೇ ಉಳಿಯಿತು. ಕ್ರೈಸ್ತರಾದ ನಮಗೆ 1925ರ ಭಾರತೀಯ ಉತ್ತರಾಧಿಕಾರ ಕಾಯಿದೆ ಮಗ ಮಗಳಿಗೆ ಸಮಪಾಲನ್ನು ಹೇಳುತ್ತದೆ. ಎಷ್ಟು ಅಕ್ಕತಂಗಿಯರು ಆ ಪಾಲಿಗೆ ರುಜು ಹಾಕಿ ಬಿಟ್ಟುಕೊಟ್ಟಿದ್ದಾರೆಂಬುದನ್ನು ಪ್ರತಿಯೊಂದು ಸಭೆಯೂ ಬಲ್ಲದು. ಕಾನೂನಿನ ಪುಸ್ತಕವನ್ನು ಮಾತ್ರ ಓದಿ ಸ್ತ್ರೀಯರ ಬದುಕನ್ನು ತಿಳಿದೆವೆಂದುಕೊಳ್ಳುವುದು ಮೆಕ್ಸಿಕೋದಲ್ಲಿಯೂ ತಪ್ಪು, ಇಲ್ಲಿಯೂ ತಪ್ಪು.

ಸ್ಪೇನಿನ ವಸಾಹತುಗಳಲ್ಲಿ ಕಾನೂನಿಗಿಂತ ಬಲವಾಗಿದ್ದದ್ದು ಹುಟ್ಟು ಮತ್ತು ಬಣ್ಣ. ಬಿಳಿಯ ಕುಲೀನ ಸ್ತ್ರೀ ಮನೆಯೊಳಗಿದ್ದು ಮಾನ ಕಾಯಬೇಕು. ಮೂಲನಿವಾಸಿ ಸ್ತ್ರೀ ಸಂತೆಯಲ್ಲಿ ಮಾರಬೇಕು, ನೇಯಬೇಕು. ಗುಲಾಮಳ ಮಾನದ ಪ್ರಶ್ನೆಯೇ ಇಲ್ಲ. ಮಠದ ಬಾಗಿಲು ಕೂಡ ಹೀಗೆಯೇ. ಸನ್ಯಾಸಿನಿಯಾಗಲು ದಕ್ಷಿಣೆ ಬೇಕು, ಕುಲ ಬೇಕು. ಮೂಲನಿವಾಸಿ ಸ್ತ್ರೀಯರಿಗಾಗಿ ಮೆಕ್ಸಿಕೋ ನಗರದಲ್ಲಿ ಒಂದು ಮಠ ತೆರೆದದ್ದು 1724ರಲ್ಲಿ, ದೇಶ ಜಯಿಸಲ್ಪಟ್ಟು ಇನ್ನೂರು ವರ್ಷಗಳ ನಂತರ. ಅದೂ ನಾಯಕರ ಮನೆತನದ ಹೆಣ್ಣುಮಕ್ಕಳಿಗೆ ಮಾತ್ರ. ಇಂಥ ಸಮಾಜದಲ್ಲಿ ಕತರೀನಾ ಮಠದ ಹೊರಗೆಯೇ ಉಳಿದು, ಬಡ ಕೋಣೆಯಲ್ಲಿ ವಾಸಿಸಿ, ಪಟ್ಟಣದ ಭಕ್ತಿಯನ್ನು ಗಳಿಸಿಕೊಂಡಳು.

ಈಗ ಅವಳ ಚರಿತ್ರಕಾರನ ಕಡೆಗೆ ತಿರುಗೋಣ. ಅಲೊನ್ಸೊ ರಾಮೋಸ್ 1689, 1690 ಮತ್ತು 1692ರಲ್ಲಿ ಮೂರು ಸಂಪುಟಗಳನ್ನು ಪ್ರಕಟಿಸಿದನು. ಹೊಸ ಸ್ಪೇನಿನಲ್ಲಿ ಅಚ್ಚಾದ ಅತಿ ದೀರ್ಘ ಚರಿತ್ರೆಗಳಲ್ಲಿ ಇದೊಂದು. ಶೀರ್ಷಿಕೆಯೇ ಗಮನಾರ್ಹ: ದೇವರ ಸರ್ವಶಕ್ತಿಯ ಆಶ್ಚರ್ಯಗಳು, ಕೃಪೆಯ ಅದ್ಭುತಗಳು ಮೊದಲು ಬರುತ್ತವೆ, ಅವು ನಡೆದ ಸ್ಥಳವಾಗಿ ಮಾತ್ರ ಕತರೀನಾಳ ಹೆಸರು ಬರುತ್ತದೆ. ದೇವರ ಮಹಿಮೆಗೆ ಮೊದಲ ಸ್ಥಾನ ಕೊಟ್ಟದ್ದನ್ನು ದೈವಶಾಸ್ತ್ರದ ವಿದ್ಯಾರ್ಥಿಗಳಾದ ನಾವು ಆಕ್ಷೇಪಿಸಲಾರೆವು. ಆದರೆ ಪುಟಗಳನ್ನು ತಿರುವಿದಂತೆ ದೇವರ ಮಹಿಮೆಯ ಜೊತೆಗೆ ಇನ್ನೊಂದು ಮಹಿಮೆಯೂ ಬೆಳೆಯುತ್ತದೆ. ಅದು ಈ ರತ್ನವನ್ನು ಗುರುತಿಸಿ, ಪರೀಕ್ಷಿಸಿ, ಲೋಕಕ್ಕೆ ತೋರಿಸಿದ ಗುರುವಿನದು.

ರಾಮೋಸನಿಗೆ ಗುಲಾಮಳ ಪರಿಶುದ್ಧತೆ ಸಾಲುವುದಿಲ್ಲ. ಅವಳು ಮೊಗಲ ಚಕ್ರವರ್ತಿಯ ರಕ್ತಸಂಬಂಧಿಯಾಗಬೇಕು, ಅರಮನೆಯಲ್ಲಿ ಹುಟ್ಟಬೇಕು. ಮೈಬಣ್ಣ ಬಿಳಿಯಿರಬೇಕು. ಪುಯೆಬ್ಲಾದವರು ಕಣ್ಣಾರೆ ಕಂಡದ್ದು ಕಂದುಬಣ್ಣದ ಮುದುಕಿಯನ್ನು. ಅದಕ್ಕೂ ಅವನಲ್ಲಿ ಉತ್ತರವಿದೆ. ಗಂಡಸರ ಕಣ್ಣಿನಿಂದ ಪಾರಾಗಲು ತನ್ನ ಸೌಂದರ್ಯವನ್ನು ತೆಗೆದುಬಿಡೆಂದು ಅವಳು ದೇವರನ್ನು ಬೇಡಿಕೊಂಡಳಂತೆ, ದೇವರು ಆ ಮೊರೆಯನ್ನು ಕೇಳಿ ಅವಳನ್ನು ಕಪ್ಪಾಗಿಸಿದನಂತೆ. ಈ ಕಥೆಯಲ್ಲಿ ಒಂದು ನಿಜವಾದ ಭಯ ಅಡಗಿದೆ. ಗುಲಾಮ ಹೆಣ್ಣಿನ ದೇಹ ಯಜಮಾನನ ಪೇಟೆಯಲ್ಲಿ ಏನನ್ನು ಅನುಭವಿಸುತ್ತದೆಂಬುದು ಅವಳಿಗೆ ತಿಳಿದಿತ್ತು. ಕುರೂಪವನ್ನು ಬೇಡುವ ಪ್ರಾರ್ಥನೆ ಆ ತಿಳಿವಳಿಕೆಯಿಂದ ಹುಟ್ಟಿರಬಹುದಾದ ಪ್ರಾರ್ಥನೆ. ರಾಮೋಸನ ಕೈಯಲ್ಲಿ ಅದು ಬಣ್ಣದ ವ್ಯಾಖ್ಯಾನವಾಗುತ್ತದೆ: ಬಿಳುಪು ಸಹಜ, ಕಪ್ಪು ತ್ಯಾಗ. ಪೇಟೆಯಲ್ಲಿ ಅವಳನ್ನು ಮಾರಿದವರ ಮಾತು ಮರೆಯಾಗಿ, ಅವಳ ಚರ್ಮ ಮಾತ್ರ ಉಳಿಯುತ್ತದೆ.

ಈ ಭಾಗವನ್ನು ಹೇಳಿದಾಗ ಕಲಬುರಗಿಯ ಕೂಟದಲ್ಲಿದ್ದ ಒಬ್ಬ ನಿವೃತ್ತ ಶಿಕ್ಷಕಿ, “ರಾಜನ ಮಗಳಲ್ಲ ಅಂದ್ರ ಆಕಿ ಭಕ್ತಿ ಕಡಿಮಿ ಆಗ್ತಿತ್ತೇನ್ರಿ?” ಎಂದು ಕೇಳಿದರು. ರಾಮೋಸನ ಮೂರು ಸಂಪುಟಗಳ ಮೇಲೆ ಇದಕ್ಕಿಂತ ಚೊಕ್ಕವಾದ ವಿಮರ್ಶೆಯನ್ನು ನಾವು ಓದಿಲ್ಲ. ಕೊರಿಂಥದ ಸಭೆಗೆ ಬರೆದ ಮೊದಲ ಪತ್ರಿಕೆಯ ಮೊದಲ ಅಧ್ಯಾಯದಲ್ಲಿಯೇ ಪೌಲನು ಆ ಸಭೆಯವರಿಗೆ ಅವರ ಹುಟ್ಟನ್ನು ನೆನಪಿಸುತ್ತಾನೆ: ಅವರಲ್ಲಿ ಕುಲೀನರು ಹೆಚ್ಚು ಮಂದಿ ಇಲ್ಲ, ಲೋಕ ಹೀನೈಸಿದವರನ್ನೇ ದೇವರು ಆರಿಸಿಕೊಂಡಿದ್ದಾನೆ. ಆದರೂ ಯಾಜಕನು ತನ್ನ ಸಂತಳಿಗೆ ಅರಮನೆಯನ್ನು ಹುಡುಕಿದನು. ನಮ್ಮ ಭಾಗದ ಸಭೆಗಳು ಬಹುಮಟ್ಟಿಗೆ ಊರಾಚೆಯ ಕೇರಿಗಳಿಂದ ಬಂದವು. ಹೀಗಿದ್ದೂ ನಮ್ಮ ಸ್ಮರಣ ಸಂಚಿಕೆಗಳಲ್ಲಿ ಪೂರ್ವಿಕರ ಪರಿಚಯ ಆರಂಭವಾಗುವಾಗ ಗೌಡರ ಮನೆತನ, ದೊಡ್ಡ ಕುಟುಂಬ ಎಂಬ ಪದಗಳು ಎಷ್ಟು ಸಲೀಸಾಗಿ ಬಂದುಬಿಡುತ್ತವೆ! ಕೇರಿಯಲ್ಲಿ ಹುಟ್ಟಿ, ಕೂಲಿ ಮಾಡಿ, ಅಕ್ಷರ ಕಲಿತು, ಸುವಾರ್ತೆ ಸಾರಿದ ತಾಯಿಯ ಪರಿಚಯಕ್ಕೆ ಹುಟ್ಟಿನ ಸಾಲು ಮೌನವಾಗುತ್ತದೆ.

ಕಮಲಾಪುರದ ಕೂಟದಲ್ಲಿ ಬಂದ ಪ್ರಶ್ನೆ ಇನ್ನೊಂದು ಬಗೆಯದು. ಅಲ್ಲಿ ಬಂದಿದ್ದವರಲ್ಲಿ ಹೆಚ್ಚಿನವರು ಬಾಳೆಯ ತೋಟಗಳಲ್ಲಿ, ತೊಗರಿಯ ಹೊಲಗಳಲ್ಲಿ ಕೂಲಿ ಮಾಡುವ ತಾಯಂದಿರು. ಮಿರ್ರಾ, ಕತರೀನಾ, ಚೀನಿಯಳು, ದೇವರ ಪೂಜ್ಯ ದಾಸಿ ಎಂಬ ಹೆಸರುಗಳನ್ನೆಲ್ಲ ಕೇಳಿಕೊಂಡು ಒಬ್ಬ ವೃದ್ಧೆ, “ಎಲ್ಲಾರೂ ಆಕಿಗಿ ಒಂದೊಂದ್ ಹೆಸರ ಇಟ್ಟಾರ. ಆಕಿ ತನಗ ಏನಂತ ಕರಕೋತಿದ್ಳರೀ?” ಎಂದರು. ರಾಮೋಸನಲ್ಲಿ ಇದಕ್ಕೆ ಉತ್ತರವಿಲ್ಲ, ಏಕೆಂದರೆ ಅವನಿಗೆ ಈ ಪ್ರಶ್ನೆಯೇ ಹೊಳೆದಿಲ್ಲ. ಅವಳ ದರ್ಶನಗಳನ್ನು ಅವನು ತನ್ನ ಪಾಂಡಿತ್ಯದ ಭಾಷೆಯಲ್ಲಿ ಬರೆಯುತ್ತಾನೆ. ಲತೀನ್ ಪ್ರಮಾಣಗಳು ಸುತ್ತುವರಿದಿರುತ್ತವೆ. ಅವಳು ಆಡಿದ ಮಾತು ಯಾವುದು, ಅವನು ಹೆಣೆದದ್ದು ಯಾವುದು ಎಂದು ಬಿಡಿಸಲಾಗದಂತೆ ಎರಡೂ ಬೆಸೆದಿವೆ.

ಇದೇ ಕತರೀನಾಳ ಬಗ್ಗೆ 1692ರಲ್ಲಿ ಹೊಸೆ ದೆಲ್ ಕಸ್ತಿಯೊ ಗ್ರಹೆದಾ ಎಂಬ ಇನ್ನೊಬ್ಬ ಯಾಜಕ ಒಂದು ಚಿಕ್ಕ ಚರಿತ್ರೆಯನ್ನು ಬರೆದನು. ಅವನೂ ಅವಳ ಪಾಪನಿವೇದನೆ ಕೇಳಿದವನೇ, ಅವನಿಗೂ ಅರಮನೆಯ ಕಥೆ ಇಷ್ಟವೇ. ಆದರೆ ಒಂದು ಕೆಲಸವನ್ನು ಅವನು ಮಾಡಿದನು: ಕತರೀನಾ ಕಡೆಯವರೆಗೂ ಸರಿಯಾಗಿ ಕಲಿಯದ ಸ್ಪೇನಿನ ಭಾಷೆಯನ್ನು ಅವಳು ಆಡಿದ ಹಾಗೆಯೇ, ಲಿಂಗವಚನಗಳ ತೊಡಕಿನೊಂದಿಗೆ, ಅಲ್ಲಲ್ಲಿ ಕೊಟ್ಟು, ಆಮೇಲೆ ಅದರ ಅರ್ಥವನ್ನು ವಿವರಿಸಿದನು. ಅವನಿಗೆ ಅದು ಅವಳ ಸರಳತೆಯ ಸಾಕ್ಷಿ ಮಾತ್ರವಾಗಿದ್ದಿರಬಹುದು. ನಮಗೆ ಮಾತ್ರ ಆ ಮುರುಕು ವಾಕ್ಯಗಳೇ ಇಡೀ ಚರಿತ್ರೆಯಲ್ಲಿ ಅವಳಿಗೆ ಅತಿ ಹತ್ತಿರವಾದ ಸ್ಥಳ. ಸಾಹಿತ್ಯವಿಮರ್ಶೆಯ ದೃಷ್ಟಿಯಿಂದ ರಾಮೋಸನದು ದೊಡ್ಡ ಗ್ರಂಥ. ಸಾಕ್ಷಿಯ ದೃಷ್ಟಿಯಿಂದ ಕಸ್ತಿಯೊನ ಕಿರುಹೊತ್ತಗೆಯೇ ಮೇಲು. ಕಲಬುರಗಿಯ ಮಾತನ್ನು ಗ್ರಂಥದ ಕನ್ನಡಕ್ಕೆ ತಿದ್ದಿ ಸಾಕ್ಷಿ ಬರೆಯುವ ನಮ್ಮ ಸಂಪಾದಕರು ಇದನ್ನು ಯೋಚಿಸಬೇಕು. ನಾವೂ ಈ ಲೇಖನದಲ್ಲಿ ಆ ಇಬ್ಬರು ತಾಯಂದಿರ ಮಾತನ್ನು ತಿದ್ದದೆ ಇಟ್ಟಿರುವುದು ಇದೇ ಕಾರಣಕ್ಕೆ.

19ನೆಯ ಶತಮಾನದ ಕೊನೆಯ ಭಾಗದಲ್ಲಿ ಮೆಥೊಡಿಸ್ಟ್ ಮಿಷನರಿಗಳು ನಿಜಾಮರ ಸೀಮೆಯ ಈ ಭಾಗಕ್ಕೆ ಬಂದರು. ಅಮೆರಿಕದ ಮೆಥೊಡಿಸ್ಟ್ ಸ್ತ್ರೀಯರು ತಮ್ಮದೇ ಮಿಷನರಿ ಸಂಘವನ್ನು 1869ರಲ್ಲಿ ಸ್ಥಾಪಿಸಿಕೊಂಡಿದ್ದರು. ಇಸಬೆಲ್ಲಾ ಥೋಬರ್ನ್ ಮತ್ತು ಕ್ಲಾರಾ ಸ್ವೇನ್ ಅದರಿಂದ ಮೊದಲು ಭಾರತಕ್ಕೆ ಬಂದವರು. ಅವರ ಹಾಗೂ ಅವರ ನಂತರ ಬಂದವರ ಹೆಸರು, ಭಾವಚಿತ್ರ, ಪತ್ರಗಳು ಉಳಿದಿವೆ. ಅವರೊಡನೆ ಮನೆಮನೆಗೆ ಹೋಗಿ, ಪರದೆಯೊಳಗಿನ ಸ್ತ್ರೀಯರಿಗೆ ಓದು ಕಲಿಸಿ, ಹಾಡು ಹೇಳಿಕೊಟ್ಟ ನಮ್ಮ ನಾಡಿನ ಸೇವಕಿಯರು ಎಂಥವರು? ವರದಿಗಳಲ್ಲಿ ಅವರು ‘ಬೈಬಲ್ ವುಮನ್’ ಎಂಬ ಹುದ್ದೆಯಾಗಿ ಬರುತ್ತಾರೆ. ಹೆಚ್ಚೆಂದರೆ ದೀಕ್ಷಾಸ್ನಾನದ ಒಂದು ಹೆಸರು, ಎಷ್ಟು ಮನೆ, ಎಷ್ಟು ಕೇಳುಗರು ಎಂಬ ಸಂಖ್ಯೆ. ಇಲ್ಲಿ ಬರೆದವಳೂ ಹೆಣ್ಣೇ. ಆದ್ದರಿಂದ ಗಂಡಸಿನ ಲೇಖನಿಯೊಂದನ್ನೇ ದೂರಿದರೆ ವಿಷಯ ಮುಗಿಯುವುದಿಲ್ಲ. ವರದಿಯನ್ನು ಯಾರಿಗಾಗಿ ಬರೆಯಲಾಯಿತು, ಹಣ ಎಲ್ಲಿಂದ ಬರಬೇಕಿತ್ತು ಎಂಬುದೂ ಲೇಖನಿಯನ್ನು ನಡೆಸುತ್ತದೆ.

ರಾಮೋಸನ ಗ್ರಂಥದ ಗತಿ ವಿಚಿತ್ರವಾಯಿತು. ಕತರೀನಾಳ ಚಿತ್ರಗಳನ್ನು ಇಟ್ಟು ಪೂಜಿಸುವುದನ್ನು 1691ರಲ್ಲಿಯೇ ಮೆಕ್ಸಿಕೋದ ಧರ್ಮವಿಚಾರಣಾ ಮಂಡಳಿ ತಡೆಯಿತು. ಗ್ರಂಥವನ್ನು ಸ್ಪೇನಿನ ಮಂಡಳಿ 1692ರಲ್ಲಿ, ಮೆಕ್ಸಿಕೋದ ಮಂಡಳಿ 1696ರಲ್ಲಿ ನಿಷೇಧಿಸಿದವು. ಅದರಲ್ಲಿನ ದರ್ಶನಗಳು ನಂಬಲಾಗದವು, ಅನುಚಿತವಾದವು ಎಂಬುದು ಆಕ್ಷೇಪಣೆ. ನಿಷೇಧಕ್ಕೆ ಒಳಗಾದದ್ದು ಗಂಡಸಿನ ಬರಹ. ಮರೆವಿಗೆ ಸಂದದ್ದು ಹೆಣ್ಣಿನ ಬದುಕು. ಮುಂದೆ ಮೆಕ್ಸಿಕೋದ ಜನ ಅವಳ ನೆನಪನ್ನು ಒಂದು ಬಣ್ಣಬಣ್ಣದ ಲಂಗದ ಉಡುಪಿಗೆ ಅಂಟಿಸಿ ‘ಚೀನಾ ಪೊಬ್ಲಾನಾ’ ಎಂದು ಕುಣಿದರು. ಆ ಉಡುಪನ್ನು ಅವಳು ಎಂದೂ ತೊಟ್ಟವಳಲ್ಲ.

ಇನ್ನು ಎರಡನೆಯ ಪುಸ್ತಕ. ರಾಮೋಸನ ಮೊದಲ ಸಂಪುಟಕ್ಕೆ ಮೆಚ್ಚುಗೆಯ ಪತ್ರ ಬರೆದವರಲ್ಲಿ ಅಂತೋನಿಯೊ ನೂನ್ಯೆಸ್ ದೆ ಮಿರಾಂದಾ ಎಂಬ ಪ್ರಭಾವಶಾಲಿ ಯೇಸುಸಭೆಯವನಿದ್ದನು. ಬಹುಕಾಲ ಸೋದರಿ ಹುವಾನಾಳ ಪಾಪನಿವೇದನೆಯ ಗುರುವಾಗಿದ್ದವನೂ ಇವನೇ. ಅಕ್ಷರ ಬಾರದ ಕತರೀನಾಳಲ್ಲಿ ಅವನಿಗೆ ಸಂತತ್ವ ಕಂಡಿತು. ಕವಿತೆ ಬರೆಯುವ ಹುವಾನಾಳಲ್ಲಿ ಅಪಾಯ ಕಂಡಿತು. 1980ರಲ್ಲಿ ಮೊಂತೆರೆಯ್ ನಗರದಲ್ಲಿ ಸಿಕ್ಕ, ಸುಮಾರು 1682ರದೆನ್ನಲಾದ ಒಂದು ಪತ್ರದಲ್ಲಿ ಹುವಾನಾ ಅವನಿಗೆ ನೇರವಾಗಿ ಉತ್ತರ ಕೊಟ್ಟಿದ್ದಾಳೆ: ತನ್ನನ್ನು ನಿಂದಿಸುತ್ತ ತಿರುಗುವುದನ್ನು ಪ್ರಶ್ನಿಸಿ, ಇಷ್ಟವಿಲ್ಲದಿದ್ದರೆ ಬಿಡಬಹುದು, ದೇವರ ಕೃಪೆಯ ದಾರಿ ತೋರಲು ಬೇರೆಯವರೂ ಇದ್ದಾರೆ ಎಂಬರ್ಥದಲ್ಲಿ ಬೀಳ್ಕೊಟ್ಟಿದ್ದಾಳೆ. ಒಬ್ಬನೇ ಗುರು, ಇಬ್ಬರು ಸ್ತ್ರೀಯರು. ಒಬ್ಬಳನ್ನು ಅವನು ಹೊಗಳಿ ಬರೆದನು, ಇನ್ನೊಬ್ಬಳು ಅವನಿಗೆ ಬರೆದಳು. ಆ ಕಾಲದ ಸಭೆಗೆ ಯಾವ ಬಗೆಯ ಸ್ತ್ರೀ ಬೇಕಾಗಿದ್ದಳೆಂಬುದು ಇದರಿಂದಲೇ ತಿಳಿಯುತ್ತದೆ.

ಹುವಾನಾ ಮದುವೆಯಾಗದ ತಂದೆತಾಯಿಗಳ ಮಗಳು. ಹೊಲಮನೆಯ ಆಡಳಿತ ನಡೆಸುತ್ತಿದ್ದ ಅವಳ ತಾಯಿಗೆ ರುಜು ಹಾಕಲು ಬರುತ್ತಿರಲಿಲ್ಲ. ಮಗಳಿಗೆ ಓದಿನ ಹಸಿವು. ವಿದ್ಯಾಪೀಠ ಗಂಡಸರದು, ಮದುವೆ ಬೇಡ. ಉಳಿದ ದಾರಿ ಮಠ. 1669ರಲ್ಲಿ ಮೆಕ್ಸಿಕೋ ನಗರದ ಸಂತ ಜೆರೋಮನ ಮಠದಲ್ಲಿ ಹರಕೆ ಹೊತ್ತಳು. ಮಠದ ದಕ್ಷಿಣೆಯನ್ನು ಒಬ್ಬ ಧನಿಕ ಕೊಟ್ಟನು. ಅಲ್ಲಿ ಅವಳು ಗ್ರಂಥಭಂಡಾರ ಕಟ್ಟಿದಳು, ನಾಟಕ, ಕವಿತೆಗಳನ್ನು ಬರೆದಳು. ಕ್ರಿಸ್ತನು ತೋರಿದ ಪ್ರೀತಿಯಲ್ಲಿ ಯಾವುದು ಅತಿಶಯವಾದದ್ದು ಎಂಬ ವಿಷಯದಲ್ಲಿ ಆಂತೋನಿಯೊ ವಿಯೇರಾ ಎಂಬ ಪ್ರಸಿದ್ಧ ಪೋರ್ಚುಗೀಸ್ ಬೋಧಕನ ಪ್ರಸಂಗವನ್ನು ತರ್ಕದಿಂದ ಖಂಡಿಸಿ ಬರೆದಳು. ಪುಯೆಬ್ಲಾದ ಬಿಷಪ್ ಮನುವೆಲ್ ಫೆರ್ನಾಂದೆಸ್ ದೆ ಸಾಂತಾ ಕ್ರುಸ್ 1690ರಲ್ಲಿ ಅದನ್ನೇ ಅಚ್ಚು ಹಾಕಿಸಿದನು. ಜೊತೆಗೆ ಒಂದು ಬುದ್ಧಿವಾದದ ಪತ್ರವನ್ನೂ ಸೇರಿಸಿದನು. ಪಾಂಡಿತ್ಯವನ್ನು ಮೆಚ್ಚಿ, ಲೌಕಿಕ ಸಾಹಿತ್ಯವನ್ನು ಕಡಿಮೆ ಮಾಡಿ ಪವಿತ್ರಗ್ರಂಥದ ಕಡೆಗೆ ತಿರುಗು ಎಂಬ ಉಪದೇಶ ಅದು. ಬಿಷಪನು ಸ್ತ್ರೀವಿದ್ಯೆಯ ಕಡುವೈರಿಯಾಗಿರಲಿಲ್ಲವೆಂಬುದನ್ನು ಒಪ್ಪಬೇಕು. ಆದರೆ ಪತ್ರದ ಕೆಳಗೆ ಅವನು ತನ್ನ ಹೆಸರು ಹಾಕಲಿಲ್ಲ. ಸೋದರಿ ಫಿಲೊತೆಯಾ ಎಂದು ಸನ್ಯಾಸಿನಿಯ ಹೆಸರಿಟ್ಟುಕೊಂಡನು. ಹೆಣ್ಣಿಗೆ ಮಿತಿಯನ್ನು ಹೇಳಲು ಬಿಷಪನೇ ಹೆಣ್ಣಿನ ಮುಸುಕು ಹಾಕಿಕೊಂಡು ಬಂದ ಈ ಪ್ರಸಂಗ ನಗೆ ತರಿಸುತ್ತದೆ.

ಹುವಾನಾ 1691ರ ಮಾರ್ಚ್ 1ರಂದು ಬರೆದ ಉತ್ತರ ದೈವಶಾಸ್ತ್ರದ ಕೃತಿಯಾಗಿ ನಮ್ಮ ಪಠ್ಯಗಳಲ್ಲಿ ಇರಬೇಕಾದದ್ದು. ಸಭೆಯಲ್ಲಿ ಸ್ತ್ರೀಯರು ಮೌನವಾಗಿರಲೆಂಬ ಪೌಲನ ಮಾತನ್ನು ಅವಳು ತಳ್ಳಿಹಾಕುವುದಿಲ್ಲ, ಅದರ ಹಿನ್ನೆಲೆಯನ್ನು ಕೇಳುತ್ತಾಳೆ. ಆದಿಸಭೆಯಲ್ಲಿ ಸ್ತ್ರೀಯರು ಒಬ್ಬರಿಗೊಬ್ಬರು ಉಪದೇಶ ಹೇಳಿಕೊಳ್ಳುತ್ತಿದ್ದುದರಿಂದ ಬೋಧನೆಗೆ ಅಡಚಣೆಯಾಗುತ್ತಿತ್ತು, ಅದಕ್ಕಾಗಿ ಬಂದ ಕಟ್ಟಳೆ ಅದು ಎಂದು ಎವುಸೇಬಿಯನ ಆಧಾರದಿಂದ ಹೇಳುತ್ತಾಳೆ. ತೀತನಿಗೆ ಬರೆದ ಪತ್ರಿಕೆಯಲ್ಲಿ ವೃದ್ಧ ಸ್ತ್ರೀಯರು ಒಳ್ಳೆಯದನ್ನು ಬೋಧಿಸಬೇಕೆಂದಿರುವುದನ್ನು ಪಕ್ಕಕ್ಕಿಡುತ್ತಾಳೆ. ಕಲಿತ ವೃದ್ಧೆಯರಿಲ್ಲದ ಕಾರಣ ಹೆಣ್ಣುಮಕ್ಕಳನ್ನು ಗಂಡು ಶಿಕ್ಷಕರ ಬಳಿ ಕಳುಹಿಸುವ ಅಪಾಯವನ್ನು ಹೇಳಿ ತಂದೆತಾಯಿಗಳ ಮನಸ್ಸನ್ನು ಮುಟ್ಟುತ್ತಾಳ. ಪೀಠದ ಮೇಲೆ ನಿಂತು ಸ್ತ್ರೀ ಬೋಧಿಸಲಿ ಎಂದು ಮಾತ್ರ ಅವಳು ಕೇಳಲಿಲ್ಲ. ಓದಲು, ಬರೆಯಲು, ಖಾಸಗಿಯಾಗಿ ಕಲಿಸಲು ಬಿಡಿ ಎಂದಷ್ಟೇ ಕೇಳಿದಳು. ಅಂದು ನಮ್ಮ ನಾಡೂ ಸೇರಿದ್ದ ಮೆಥೊಡಿಸ್ಟ್ ಮಹಾಸಮ್ಮೇಳನ ಸ್ತ್ರೀಯರಿಗೆ ಪೂರ್ಣ ಸೇವಾಧಿಕಾರ ಕೊಟ್ಟದ್ದು 1956ರಲ್ಲಿ. ಹುವಾನಾ ಕೇಳದೆ ಬಿಟ್ಟದ್ದು ನಮಗೆ ದೊರೆತಿದೆ. ಅವಳು ಕೇಳಿದ್ದು, ಅಂದರೆ ಓದಲು ಬಿಡುವು, ಬರೆಯಲು ಒಂದು ಮೂಲೆ, ನಮ್ಮ ಸಭಾಪಾಲಕಿಯರಿಗೂ ಸಭಾಪಾಲಕರ ಪತ್ನಿಯರಿಗೂ ಎಷ್ಟು ದೊರೆತಿದೆ?

ಉತ್ತರದಲ್ಲಿ ಎರಡೂ ಕೂಟಗಳ ಸ್ತ್ರೀಯರು ಮತ್ತೆ ಮತ್ತೆ ಕೇಳಿದ ಭಾಗ ಅಡಿಗೆಮನೆಯದು. ಮಠದ ಒಬ್ಬ ಮುಖ್ಯಸ್ಥೆ ಪುಸ್ತಕ ಮುಟ್ಟಬಾರದೆಂದು ಅಪ್ಪಣೆ ಮಾಡಿದಾಗ ಹುವಾನಾ ಮೂರು ತಿಂಗಳು ವಿಧೇಯಳಾದಳು. ಆದರೆ ದೇವರ ಸೃಷ್ಟಿಯನ್ನೆಲ್ಲ ಪುಸ್ತಕವನ್ನಾಗಿ ಓದಿದಳು. ಕೊಬ್ಬಿನಲ್ಲಿ ಹಾಕಿದ ಮೊಟ್ಟೆ ಗಟ್ಟಿಯಾಗುತ್ತದೆ, ಸಕ್ಕರೆಯ ಪಾಕದಲ್ಲಿ ಒಡೆಯುತ್ತದೆ, ಏಕೆ ಎಂದು ಯೋಚಿಸಿದಳು. ಅರಿಸ್ಟಾಟಲನಿಗೆ ಅಡಿಗೆ ಬರುತ್ತಿದ್ದರೆ ಇನ್ನೂ ಹೆಚ್ಚು ಬರೆಯುತ್ತಿದ್ದನೆಂದು ನಕ್ಕಳು. ಕಮಲಾಪುರದಲ್ಲಿ ಇದನ್ನು ಕೇಳಿದ ಕೂಡಲೇ ಮಾತು ಜೋಳದ ರೊಟ್ಟಿಗೆ ತಿರುಗಿತು: ಕುದಿಯುವ ಎಸರು ಹಾಕಿ ನಾದಿದರೆ ಹಿಟ್ಟಿಗೆ ಜಿಗಿ ಬರುತ್ತದೆ, ತಣ್ಣೀರಿನಲ್ಲಿ ಕಲಸಿದರೆ ಬಡಿಯುವಾಗಲೇ ಹರಿಯುತ್ತದೆ, ಹಿಟ್ಟು ಹಳೆಯದಾದರೆ ಎಸರಿನ ಅಳತೆಯೇ ಬೇರೆ. ಅರ್ಧ ತಾಸು ಆ ಚರ್ಚೆ ನಡೆಯಿತು. ಅಕ್ಷರವಿಲ್ಲದ ಸ್ತ್ರೀ ಜ್ಞಾನವಿಲ್ಲದವಳೆಂಬ ಊಹೆಯ ಮೇಲೆಯೇ ರಾಮೋಸನ ಅದ್ಭುತಗಳು ನಿಂತಿವೆ: ಏನೂ ತಿಳಿಯದವಳಿಗೆ ದೇವರು ಎಲ್ಲವನ್ನೂ ತಿಳಿಸಿದನು ಎಂದು. ಹುವಾನಾಳ ಅಡಿಗೆಮನೆ ಆ ಊಹೆಯನ್ನೇ ಕೆಡವುತ್ತದೆ.

ನಮ್ಮ ಓದುಗರಿಗೆ ಇಲ್ಲಿ ಅಕ್ಕಮಹಾದೇವಿ ನೆನಪಾಗದಿರಲಾರಳು. ಕಮಲಾಪುರವನ್ನು ದಾಟಿ ಮುಂದೆ ಹೋದರೆ ಸಿಗುವ ಕಲ್ಯಾಣದಲ್ಲಿ ಅಲ್ಲಮನು ಅವಳನ್ನು ಪ್ರಶ್ನಿಸಿದ ಪ್ರಸಂಗವನ್ನು ಶೂನ್ಯಸಂಪಾದನೆಗಳು ಕಟ್ಟಿಕೊಟ್ಟಿವೆ. ಅವು 15ನೆಯ ಶತಮಾನದಿಂದೀಚೆಗೆ ಪುರುಷರು ಸಂಕಲಿಸಿದವು. ಪರೀಕ್ಷೆಗೆ ನಿಂತು ಗೆದ್ದ ಸ್ತ್ರೀಯಾಗಿ ಅವಳನ್ನು ಅವು ತೋರಿಸುತ್ತವೆ. ಆದರೆ ಅಕ್ಕನಿಗೆ ಸಂಕಲನಕಾರರ ಆಚೆಗೆ ತನ್ನ ವಚನಗಳಿವೆ. ಹುವಾನಾಳಿಗೂ ಹಾಗೆಯೇ ತನ್ನ ಬರಹವಿದೆ. ಕತರೀನಾಳಿಗೆ ಅದಿಲ್ಲ.

ಹಾಗೆಂದು ಬರೆದವಳು ಪೂರ್ತಿಯಾಗಿ ಪಾರಾದಳೆನ್ನುವಂತಿಲ್ಲ. ಅವಳ ಉತ್ತರ ಅವಳು ಬದುಕಿರುವಾಗ ಅಚ್ಚಾಗಲಿಲ್ಲ. ಕೊನೆಯ ವರ್ಷಗಳಲ್ಲಿ ಅವಳು ಗ್ರಂಥಭಂಡಾರವನ್ನು ಬಿಟ್ಟುಕೊಟ್ಟಳು, 1694ರಲ್ಲಿ ತನ್ನ ರಕ್ತದಿಂದ ರುಜು ಮಾಡಿ ಹರಕೆಯನ್ನು ನವೀಕರಿಸಿದಳು, 1695ರ ಏಪ್ರಿಲ್ 17ರಂದು ಸಾಂಕ್ರಾಮಿಕದಲ್ಲಿ ರೋಗಿಗಳ ಸೇವೆ ಮಾಡುತ್ತ ತೀರಿಕೊಂಡಳು. ಉತ್ತರ ಬೆಳಕು ಕಂಡದ್ದು 1700ರಲ್ಲಿ, ಮ್ಯಾಡ್ರಿಡ್‌ನಲ್ಲಿ. ಅದೇ ಸಂಪುಟದಲ್ಲಿ ದಿಯೆಗೊ ಕಯೆಹಾ ಎಂಬ ಯೇಸುಸಭೆಯವನು ಬರೆದ ಅವಳ ಚರಿತ್ರೆಯೂ ಸೇರಿತು. ಆ ಚರಿತ್ರೆಯಲ್ಲಿ ಕೊನೆಯ ಮೌನ ಪರಿಪೂರ್ಣ ಮನಪರಿವರ್ತನೆ. 1982ರ ಗ್ರಂಥದಲ್ಲಿ ಒಕ್ತಾವಿಯೊ ಪಾಸ್ ಅದೇ ಮೌನವನ್ನು ಸಭೆಯ ಒತ್ತಡಕ್ಕೆ ಸೋತ ಬುದ್ಧಿಜೀವಿಯ ಶರಣಾಗತಿಯೆಂದು ಓದಿದನು. ಇಬ್ಬರೂ ತಮಗೆ ಬೇಕಾದ ಹುವಾನಾಳನ್ನೇ ಕಂಡರೆಂದು ನಮಗೆ ತೋರುತ್ತದೆ. ಪಾಸ್‌ನ ಪಾಂಡಿತ್ಯಕ್ಕೆ ನಾವು ತಲೆಬಾಗುತ್ತೇವೆ. ಆದರೆ ರೋಗಿಯ ಹಾಸಿಗೆಯ ಬಳಿ ಕುಳಿತವಳನ್ನು ಸೋತವಳೆಂದು ಸುಲಭವಾಗಿ ಬರೆಯಲು ಕ್ರೈಸ್ತ ಓದುಗರಿಗೆ ಆಗದು. ಒತ್ತಡವೂ ನಿಜ, ಸೇವೆಯೂ ನಿಜ.

ಹುವಾನಾಳನ್ನು ಸ್ತ್ರೀಯರ ಬಿಡುಗಡೆಯ ಪ್ರವಾದಿನಿಯೆಂದು ಹಾಡಿ ನಿಲ್ಲಿಸುವವರಿಗೆ ಇನ್ನೊಂದು ದಾಖಲೆಯನ್ನು ತೋರಿಸಬೇಕಾಗಿದೆ. ಅವಳು ಮಠ ಸೇರಿದಾಗ ತಾಯಿ ಅವಳಿಗೆ ಒಬ್ಬ ಗುಲಾಮ ಹುಡುಗಿಯನ್ನು ಕೊಟ್ಟಳು. ಆ ಹುಡುಗಿಯ ಹೆಸರು ಹುವಾನಾ ದೆ ಸಾನ್ ಹೊಸೆ. ಮಠದ ಕೋಣೆಯಲ್ಲಿ ಓದಿಗೆ ಬಿಡುವು ಸಿಗುವುದರ ಹಿಂದೆ ನೀರು ತರುವ, ಒಲೆ ಹಚ್ಚುವ, ಬಟ್ಟೆ ಒಗೆಯುವ ಕೈಗಳಿದ್ದವು. ಮೊಟ್ಟೆ, ಪಾಕಗಳ ಬಗ್ಗೆ ಅಷ್ಟು ಸೊಗಸಾಗಿ ಬರೆದ ಉತ್ತರದಲ್ಲಿ ಈ ಹುವಾನಾ ಇಲ್ಲ. 1680ರ ದಶಕದಲ್ಲಿ ಸನ್ಯಾಸಿನಿ ಹುವಾನಾ ತನ್ನ ಸಹೋದರಿಗೆ ಅವಳನ್ನು ಮಾರಿದಳು. ಮಾರಾಟದ ಪತ್ರದಲ್ಲಿ ಅವಳ ಹೆಸರಿದೆ, ಬಣ್ಣವಿದೆ, ಬೆಲೆಯಿದೆ, ಮತ್ತು ಅವಳೊಂದಿಗೆ ಮಾರಲಾದ ಹಾಲು ಕುಡಿಯುವ ಕೂಸೂ ಇದೆ.